ಬೈರಿದೇವರಕೊಪ್ಪದ ಥೈಲ್ಯಾಂಡು

ನಮ್ಮ ಕಾಕಾ ಅರವತ್ತನಾಲ್ಕನೆಯ ವಯಸ್ಸಿನಲ್ಲಿ ಕೆಟ್ಟ. ಕುಡಿತದಿಂದಲೋ ಇಸ್ಪೀಟಿನಿಂದಲೋ ಕೆಟ್ಟಿದ್ದರೆ ಏನು ಮಾಡಬೇಕೆಂದು ನಮ್ಮ ಮನೆಯವರಿಗೆ ಗೊತ್ತಿತ್ತು. ಮಠಕ್ಕೆ ಕರೆದುಕೊಂಡು ಹೋಗಿ ಸ್ವಾಮಿಗಳ ಮುಂದೆ ಕೂರಿಸಿ ಎರಡು ಬುದ್ಧಿಮಾತು ಹೇಳಿಸುತ್ತಿದ್ದೆವು. ಆದರೆ ಆತ ಕೆಟ್ಟಿದ್ದು ಥೈಲ್ಯಾಂಡಿನ ಸಿನಿಮಾದಿಂದ. ಇದಕ್ಕೆ ಯಾವ ಸ್ವಾಮಿಗಳ ಹತ್ತಿರ ಹೋಗಬೇಕು, ನೀವೇ ಹೇಳಿ.

ಥೈಲ್ಯಾಂಡ್ ಎಂದ ಕೂಡಲೇ ನಿಮ್ಮ ಮುಖದ ಮೇಲೆ ಬಂದ ನಗೆ ಎಂಥದ್ದೆಂದು ನನಗೆ ಗೊತ್ತು. ಹುಬ್ಬಳ್ಳಿಯ ವ್ಯಾಪಾರಸ್ಥರ ಮುಖದ ಮೇಲೂ ಅದೇ ನಗೆ ಬಂದಿತ್ತು. ದಯವಿಟ್ಟು ಅದನ್ನು ಅಳಿಸಿಕೊಳ್ಳಿ. ಇವು ಆ ಸಿನಿಮಾ ಅಲ್ಲ. ಇವುಗಳಲ್ಲಿ ಒಂದು ಗಿಡ ಇರುತ್ತದೆ. ಗಿಡದ ಕೆಳಗೆ ಒಬ್ಬ ಗಂಡಸು ಕೂತಿರುತ್ತಾನೆ. ಹತ್ತು ನಿಮಿಷವಾದ ಮೇಲೆ ಇನ್ನೊಬ್ಬ ಗಂಡಸು ಬಂದು ಅವನ ಪಕ್ಕ ಕೂರುತ್ತಾನೆ. ಇಬ್ಬರಿಗೂ ಒಬ್ಬರ ಮೇಲೊಬ್ಬರಿಗೆ ಪ್ರೀತಿ, ಆದರೆ ಹೇಳುವುದಿಲ್ಲ. ಗಿಡದೊಳಗೆ ಒಂದು ದೆವ್ವ ಇದೆ, ಅದಕ್ಕೆ ಎಲ್ಲವೂ ಗೊತ್ತು, ಅದೂ ಹೇಳುವುದಿಲ್ಲ. ಎರಡು ತಾಸಾದ ಮೇಲೆ ಹೆಸರುಗಳು ಬರುತ್ತವೆ, ನಾವು ಎದ್ದು ಮನೆಗೆ ಹೋಗಬಹುದು.

ತಪ್ಪು ನನ್ನದೇ. ಎರಡು ವರ್ಷದ ಹಿಂದೆ ಕಾಕಾ ಅಮ್ಮಿನಬಾವಿಯ ಹೊಲದಲ್ಲಿ ಕಾಲು ಜಾರಿ ಬಿದ್ದು ಪಾದ ಮುರಿದುಕೊಂಡ. ಆರು ವಾರ ಪ್ಲಾಸ್ಟರು. ಲಗ್ನವಾಗದ ಒಂಟಿ ಮನುಷ್ಯ, ಹತ್ತಿ ವ್ಯಾಪಾರವನ್ನೂ ಮುಚ್ಚಿ ಕೂತವ, ಹೊತ್ತು ಹೋಗಲಿ ಎಂದು ನನ್ನ ಟ್ಯಾಬ್ ಕೊಟ್ಟೆ. ನಾನು ಧಾರವಾಡದ ಒಂದು ಕಾಲೇಜಿನಲ್ಲಿ ಇಂಗ್ಲಿಷ್ ಪಾಠ ಮಾಡುವವಳು. ದೇಶವಿದೇಶದ ಕಲಾತ್ಮಕ ಸಿನಿಮಾ ಬರುವ ಒಂದು ಆ್ಯಪ್ ಅನ್ನು ಸ್ಟಾಫ್ ರೂಮಿನಲ್ಲಿ ಹೇಳಿಕೊಳ್ಳುವುದಕ್ಕೆಂದೇ ಇಟ್ಟುಕೊಂಡಿದ್ದೆ. ನೋಡುತ್ತಿದ್ದುದು ಮಾತ್ರ ಸಂಜೆಯ ಧಾರಾವಾಹಿ. ಸಂಜೆ ಹೋಗಿ ನೋಡಿದರೆ ಕಾಕಾ ಟ್ಯಾಬನ್ನು ಎದೆಯ ಮೇಲೆ ನಿಲ್ಲಿಸಿಕೊಂಡು ಒಂದು ದೊಡ್ಡ ಮರವನ್ನು ದಿಟ್ಟಿಸುತ್ತಿದ್ದ.

"ಕಾಕಾ, ನೆಟ್ ಹೋಗೇತಿ. ಚಿತ್ರ ನಿಂತ ಬಿಟ್ಟೈತಿ."

"ಶ್. ನಿಂತಿಲ್ಲ, ನಡದೈತಿ. ಈಗ ಒಂದು ಎಲಿ ಅಲುಗ್ಯಾಡ್ತು, ನೋಡಿದ್ಯಾ?"

"ಯಾವಾಗಿಂದ ನೋಡಾಕತ್ತಿ?"

"ಊಟ ಆದಾಗಿಂದ. ಹೊಲದಾಗ ಕುಂತಂಗ ಆಗೈತಿ ನೋಡು. ಎಲ್ಲಾ ಸಿನಿಮಾ ಓಡತಾವ. ಇದೊಂದು ನನ್ನ ಜೋಡಿ ಕುಂತೈತಿ."

ಪ್ಲಾಸ್ಟರು ಬಿಚ್ಚಿದ ವಾರವೇ ಕಾಕಾ ಒಂದು ಹಳೆಯ ಪ್ರೊಜೆಕ್ಟರು ತಂದ. ಹುಬ್ಬಳ್ಳಿಯ ಅಂಚಿನ ಬೈರಿದೇವರಕೊಪ್ಪದಲ್ಲಿ ಆತನ ಮನೆಯ ಕೆಳಗೆ ಖಾಲಿಯಾದ ಹತ್ತಿ ಗೋಡೌನು ಇದೆ, ಪಕ್ಕದಲ್ಲೇ ನಮ್ಮ ಅವ್ವನ ಮನೆ. ಗೋಡೌನಿನ ಗೋಡೆಗೆ ತನ್ನ ಎರಡು ಬಿಳಿ ಧೋತರ ಜೋಡಿಸಿ ಹೊಲಿಸಿ ಪರದೆ ಕಟ್ಟಿದ. ಹೊಲಿಗೆ ಸರಿಯಾಗಿ ನಡುವೆ ಬಂತು. ಹೀಗಾಗಿ ನಮ್ಮಲ್ಲಿ ಥೈಲ್ಯಾಂಡಿನ ಎಲ್ಲ ನಟರ ಮೂಗಿನ ಮೇಲೂ ಒಂದು ಹೊಲಿಗೆ ಇರುತ್ತದೆ.

ಪ್ರೊಜೆಕ್ಟರು ಮೊದಲ ದಿನವೇ ಕೆಮ್ಮಿ ನಿಂತಿತು. ಮಿಸ್ತ್ರಿ ಬಂದ.

ಮಿಸ್ತ್ರಿ ಎಂದರೆ ಗಬ್ಬೂರಿನ ಬೈಪಾಸ್ ಹತ್ತಿರ ಟ್ರ್ಯಾಕ್ಟರ್ ಗ್ಯಾರೇಜ್ ಇಟ್ಟವ, ಕಾಕಾನಿಗಿಂತ ಎರಡು ವರ್ಷ ಸಣ್ಣವ, ಆತನೂ ಒಂಟಿ. ಮೂವತ್ತೈದು ವರ್ಷದ ಹಿಂದೆ ನಮ್ಮ ಹತ್ತಿ ಹಿಂಜುವ ಮಷೀನು ಕೆಟ್ಟಾಗ ಒಂದು ದಿನದ ಕೆಲಸಕ್ಕೆಂದು ಬಂದಿದ್ದ. ಅಂದಿನಿಂದ ಆ ಮಷೀನು ವಾರಕ್ಕೊಮ್ಮೆ ತಪ್ಪದೆ ಕೆಡತೊಡಗಿತು. ಮಿಸ್ತ್ರಿ ವಿಜಯಪುರದ ತಂಗಿಯ ಮನೆಗೆ ಹೋದ ವಾರ ಮಾತ್ರ ಅದು ಬಲು ಚೆನ್ನಾಗಿ ನಡೆಯುತ್ತಿತ್ತು. "ಏನ ಶನಿ ಮಷೀನೋ ಏನೋ" ಎಂದು ನಮ್ಮಪ್ಪ ಬದುಕಿರುವವರೆಗೂ ಅದನ್ನು ಬೈದರು.

ಮಿಸ್ತ್ರಿಯ ಕೆಲಸದ ರೀತಿ ನೋಡುವಂಥದ್ದು. ಮಷೀನು ಬಿಚ್ಚುವುದಿಲ್ಲ. ಉದ್ದನೆಯ ಸ್ಕ್ರೂಡ್ರೈವರಿನ ತುದಿಯನ್ನು ಅದರ ಮೈಗೆ ಹಚ್ಚಿ, ಹಿಡಿಕೆಯನ್ನು ಕಿವಿಗೆ ಆನಿಸಿ, ಕಣ್ಣು ಮುಚ್ಚಿ ನಿಂತುಬಿಡುತ್ತಾನೆ. ಎಷ್ಟು ಹೊತ್ತಾದರೂ ಸರಿ. ಆಮೇಲೆ ಕಣ್ಣು ತೆಗೆದು "ಎರಡನೇ ಬೇರಿಂಗ್" ಎನ್ನುತ್ತಾನೆ, ಅದು ಎರಡನೇ ಬೇರಿಂಗೇ ಆಗಿರುತ್ತದೆ. ಪ್ರೊಜೆಕ್ಟರಿಗೂ ಹಾಗೇ ಮಾಡಿ "ಫ್ಯಾನಿನ್ಯಾಗ ಹತ್ತಿ ಹೊಕ್ಕೈತ್ರಿ ಸಾವ್ಕಾರ್ರ" ಎಂದ. ಹತ್ತು ವರ್ಷದಿಂದ ಖಾಲಿ ಇದ್ದ ಗೋಡೌನಿನಲ್ಲಿ ಹತ್ತಿ ಎಲ್ಲಿಂದ ಬಂತೋ, ಆದರೆ ಹೊಕ್ಕಿತ್ತು.

ಇವರಿಬ್ಬರ ಸ್ನೇಹದ ಬಗ್ಗೆ ನಾವು ಯಾರೂ ಹೆಚ್ಚು ಯೋಚಿಸಿದವರಲ್ಲ. ಒಬ್ಬ ಕೊರಳಲ್ಲಿ ಲಿಂಗ ಕಟ್ಟಿಕೊಂಡವ, ಇನ್ನೊಬ್ಬ ಶುಕ್ರವಾರದ ನಮಾಜು ಮುಗಿಸಿ ನೇರ ನಮ್ಮ ಮನೆಗೆ ಚಹಾಕ್ಕೆ ಬರುವವ. ರಂಜಾನ್ ತಿಂಗಳಲ್ಲಿ ಕಾಕಾ ಮಧ್ಯಾಹ್ನದ ಚಹಾ ಬಿಡುತ್ತಿದ್ದ. ಅವ್ವ ಕೇಳಿದರೆ "ಪಿತ್ತ ಆಗೈತಿ ವೈನಿ" ಎನ್ನುತ್ತಿದ್ದ. ಪಿತ್ತ ಪ್ರತಿ ವರ್ಷ ಚಂದ್ರನನ್ನು ನೋಡಿಕೊಂಡು ಬರುತ್ತಿದ್ದುದು ಯಾರಿಗೂ ವಿಚಿತ್ರ ಅನಿಸಲಿಲ್ಲ.

ಮೊದಲ ಪ್ರದರ್ಶನಕ್ಕೆ ಕಾಕಾ ತನ್ನ ಹಳೆಯ ಹತ್ತಿ ವ್ಯಾಪಾರದ ಗೆಳೆಯರನ್ನೆಲ್ಲ ಕರೆದ. ಕರೆದದ್ದು ಒಂದೇ ವಾಕ್ಯದಲ್ಲಿ: "ಐತವಾರ ಮೂರಕ್ಕ ಬರ್ರಿ, ಥೈಲ್ಯಾಂಡ್ ಸಿನಿಮಾ ಐತಿ." ಎರಡೂವರೆಗೇ ಗೋಡೌನು ತುಂಬಿತು. ಮಡಿಯಾದ ಅಂಗಿ ತೊಟ್ಟು, ಅತ್ತರು ಪೂಸಿಕೊಂಡು, ಹೆಂಡತಿಗೆ ಎಪಿಎಂಸಿಯಲ್ಲಿ ಮೀಟಿಂಗ್ ಎಂದು ಹೇಳಿ ಬಂದವರು. ಬಾಗಿಲು ಹಾಕಿದ ಮೇಲೆ ಕೆಲವರು ಚಿಲಕವನ್ನೂ ಹಾಕಿಸಿದರು. ಪರದೆಯ ಮೇಲೆ ನದಿ ಬಂತು. ನದಿಯ ದಂಡೆಯ ಮೇಲೆ ಗಿಡ ಬಂತು. ಇಪ್ಪತ್ತು ನಿಮಿಷ ಅವರು ಗೌರವದಿಂದ ಗಿಡ ನೋಡಿದರು.

"ಸಾವ್ಕಾರ್ರ, ಥೈಲ್ಯಾಂಡ್ ಯಾವಾಗ ಬರತೈತ್ರಿ?" ಎಂದು ಹಿಂದಿನಿಂದ ಯಾರೋ ಮೆಲ್ಲಗೆ ಕೇಳಿದರು.

"ಇದ ಥೈಲ್ಯಾಂಡ್ರಿ."

"ಬರೇ ಗಿಡಾ ಅದಾವಲ್ರಿ."

"ಅಲ್ಲಿ ಗಿಡಾನೂ ಇರತಾವ್ರಿ."

ಬ್ಯಾಂಕಾಕಿಗೆ ಎರಡು ಸಲ ಹೋಗಿ ಬಂದ ಸಾವುಕಾರರೊಬ್ಬರು ತಲೆ ಅಲ್ಲಾಡಿಸಿ, "ನಾ ಹ್ವಾದಾಗ ಒಂದೂ ಗಿಡ ಕಂಡಿರಲಿಲ್ಲ ಬಿಡ್ರಿ" ಎಂದರು. ಅವರಿಗೆ ಕಂಡದ್ದೇನೆಂದು ಯಾರೂ ಕೇಳಲಿಲ್ಲ. ಮಧ್ಯಂತರದ ಚಹಾ ಕುಡಿದು ಎಲ್ಲರೂ ಒಬ್ಬೊಬ್ಬರಾಗಿ ನಿಜವಾಗಿಯೂ ಎಪಿಎಂಸಿಗೆ ಹೋದರು.

ಮುಂದಿನ ವಾರ ಅವ್ವನ ಭಜನಾ ಸಂಘದವರು ಬಂದರು. ಇಷ್ಟರಲ್ಲಿ ನಿಮಗೆ ಆ ಸಿನಿಮಾದ ಕತೆ ಹೇಳಿಬಿಡಬೇಕು, ಯಾಕೆಂದರೆ ಕಾಕಾ ಎಷ್ಟೇ ಸಿನಿಮಾ ನೋಡಿದ್ದರೂ ಗೋಡೌನಿನಲ್ಲಿ ತೋರಿಸುತ್ತಿದ್ದುದು ಅದೊಂದನ್ನೇ. ಒಬ್ಬ ಬರ್ಫದ, ಅಂದರೆ ಐಸಿನ, ಕಾರ್ಖಾನೆ ಇಟ್ಟವ. ಇನ್ನೊಬ್ಬ ದೋಣಿಯವ. ಇಬ್ಬರಿಗೂ ಪ್ರೀತಿ. ಒಂದು ದಿನ ದೋಣಿಯವ ಅಡವಿಗೆ ಹೋಗುತ್ತಾನೆ, ಅಡವಿಯ ದೆವ್ವ ಅವನನ್ನು ಕೋಣ ಮಾಡುತ್ತದೆ. ಬರ್ಫದವ ಹುಡುಕಿಕೊಂಡು ಹೋಗಿ, ನೂರು ಕೋಣಗಳಲ್ಲಿ ಅವನನ್ನು ಗುರುತು ಹಿಡಿದು, ನದಿಯ ದಂಡೆಯ ಮೇಲೆ ಕೋಣನ ಪಕ್ಕ ಕೂರುತ್ತಾನೆ. ಇಷ್ಟೇ. ಇದಕ್ಕೆ ಎರಡು ತಾಸು ಹತ್ತು ನಿಮಿಷ.

ಪರದೆಯ ಕೆಳಗೆ ಇಂಗ್ಲಿಷ್ ಅಕ್ಷರಗಳು ಬರುತ್ತವಲ್ಲ, ಅವನ್ನು ಕಾಕಾ ಎದ್ದು ನಿಂತು ಕನ್ನಡದಲ್ಲಿ ಹೇಳುತ್ತಿದ್ದ. ಹೀಗಾಗಿ ನಮ್ಮ ಥೈಲ್ಯಾಂಡಿನಲ್ಲಿ ಬೌದ್ಧ ಸನ್ಯಾಸಿ ಬಾಗಿಲಲ್ಲಿ ನಿಂತು "ಯಾಕ್ರಿ, ಆರಾಮ ಇದ್ದೀರೇನ್ರಿ?" ಎನ್ನುತ್ತಿದ್ದ. ಅಡವಿಯ ದೆವ್ವ ಮನುಷ್ಯನನ್ನು ಕೋಣ ಮಾಡುವ ಮೊದಲು "ಸಿಟ್ಟಾಗಬ್ಯಾಡ್ರಿ" ಎನ್ನುತ್ತಿತ್ತು. ಅಷ್ಟು ಮರ್ಯಾದಸ್ಥ ದೆವ್ವವನ್ನು ನಾನು ಬೇರೆಲ್ಲೂ ಕಂಡಿಲ್ಲ.

ಭಜನಾ ಸಂಘದವರಿಗೆ ದೆವ್ವದ ಬಗ್ಗೆ ಯಾವ ತಕರಾರೂ ಇರಲಿಲ್ಲ. ಮನುಷ್ಯ ಕೋಣ ಆದದ್ದನ್ನೂ ತಂಪಾಗಿ ಒಪ್ಪಿಕೊಂಡರು. ಅವರ ತೊಂದರೆ ಬೇರೆ.

"ಎಮ್ಮಿ ಛಲೋ ಐತಿ. ಎಷ್ಟ ಲೀಟರ್ ಕೊಡತೈತಂತ?" ಎಂದು ಮುಂದಿನ ಸಾಲಿನ ಹಿರಿಯಜ್ಜಿ ಕೇಳಿದಳು.

"ಅದು ಕೋಣ ಬೇ. ಮೊದಲ ಮನಷ್ಯಾ ಇದ್ದ. ದೋಣಿಯಂವ," ಎಂದ ಕಾಕಾ.

"ಮತ್ತ ಈ ಬರ್ಫದಂವ ಅಂವಗ ಏನಾಗಬೇಕು? ಅಣ್ಣತಮ್ಮರೇನು?"

"ಅಲ್ಲ."

"ದೋಸ್ತರು?"

"ಅದಕ್ಕಿಂತ ಸ್ವಲ್ಪ ಹೆಚ್ಚಿಗಿ."

 ನಮ್ಮ ಅವ್ವ ಸೆರಗು ಸರಿಮಾಡಿಕೊಂಡು ಪರದೆಯನ್ನು ಬಿಟ್ಟು ಉಳಿದದ್ದೆಲ್ಲವನ್ನೂ ನೋಡಿದಳು. ಹಿರಿಯಜ್ಜಿ ಮಾತ್ರ ಯೋಚನೆ ಮಾಡಿ ಕೇಳಿದಳು, "ಅಂದ್ರ ಗಂಡಾ ಹೆಂಡತಿ ಹಂಗೇನು?"

"ಹಂಗ ಅನ್ನು. ಅಲ್ಲಿ ಈಗ ಹಂಗ ಲಗ್ನಾನೂ ಆಗಬಹುದಂತ. ಕಾಯದೆ ಆಗೈತಿ."

"ಹಂಗಿದ್ರ ಯಾಕ ಇಷ್ಟ ತಡಾ ಮಾಡ್ಯಾರ? ಒಂದ ತಾಸಾತು, ಬರೇ ಮಾರಿ ನೋಡ್ಕೋತ ಕುಂತಾರ. ಬಾಯಿ ತಗದು ಹೇಳಿದ್ರ ಇಷ್ಟೊತ್ತಿಗೆ ಸಂಸಾರ ಮಾಡ್ತಿದ್ರು. ಕೋಣ ಆಗೂದರ ತಪ್ತಿತ್ತು."

 ಕಾಕಾ ಪ್ರೊಜೆಕ್ಟರು ಬಿಸಿಯಾಗಿದೆ ಎಂದು ಮಧ್ಯಂತರ ಮಾಡಿದ. ಮಧ್ಯಂತರದ ಚಹಾ, ಗಿರಮಿಟ್ಟು ಮುಗಿದ ಮೇಲೆ ಅವರೂ ಹೋದರು, ಕುಕ್ಕರಿನ ಹೊತ್ತಾಗಿತ್ತು. ನಾನು ಕೂಡ ಪ್ರತಿ ಐತವಾರ ಐದರ ಬಸ್ಸಿಗೆ ಧಾರವಾಡಕ್ಕೆ ಹೊರಟುಬಿಡುತ್ತಿದ್ದೆ. ಆ ಸಿನಿಮಾದ ಕೊನೆಯನ್ನು ಬೈರಿದೇವರಕೊಪ್ಪದಲ್ಲಿ ಕಂಡವನು ಕಾಕಾ ಒಬ್ಬನೇ. ಮಿಸ್ತ್ರಿ ಇರುತ್ತಿದ್ದ, ಆದರೆ ಕಾಕಾ ಹೇಳುವ ಪ್ರಕಾರ, ಕೊನೆ ಬರುವ ಹೊತ್ತಿಗೆ ಮಲಗಿಬಿಟ್ಟಿರುತ್ತಿದ್ದ.

ನಡುವೆ ದೆವ್ವದ ಮನೆಯ ಪ್ರಕರಣ ಆಯಿತು. ಥೈಲ್ಯಾಂಡಿನಲ್ಲಿ ಪ್ರತಿ ಮನೆಯ ಅಂಗಳದಲ್ಲೂ ಕಂಬದ ಮೇಲೆ ಒಂದು ಪುಟ್ಟ ಮನೆ ಇರುತ್ತದಂತೆ. ಆ ಜಾಗದಲ್ಲಿ ಮೊದಲಿಂದ ವಾಸವಾಗಿದ್ದ ದೆವ್ವಕ್ಕೆ ಅದು. ನಾವು ಬಂದು ಅದರ ಜಾಗ ಹಿಡಿದೆವಲ್ಲ, ಅದಕ್ಕೆ ಬದಲಿ ವ್ಯವಸ್ಥೆ. ದಿನಾ ಅದರ ಮುಂದೆ ಕೆಂಪು ಶರಬತ್ತಿನ ಬಾಟಲಿಗೆ ಕೊಳವೆ ಹಾಕಿ ಇಡುತ್ತಾರಂತೆ. ಕಾಕಾನಿಗೆ ಇದು ಬಹಳ ನ್ಯಾಯವಾಗಿ ಕಂಡಿತು. "ನಾವು ಎಳ್ಳ ಅಮಾಸಿಗೆ ಹೊಲಕ್ಕ ಚರಗ ಚೆಲ್ಲೂದಿಲ್ಲೇನು? ಭೂಮಿಗೆ ಉಣಸ್ತೀವಿ, ಕಾಣಲಾರದವರಿಗೆ ಉಣಸ್ತೀವಿ. ಆದ್ರ ನಾವು ವರ್ಷಕ್ಕ ಒಮ್ಮೆ. ಪಾಪ, ಉಳದ ದಿನಾ ಅವರು ಏನ ತಿನಬೇಕು?" ಎಂದ. ಮಿಸ್ತ್ರಿ ಟ್ರ್ಯಾಕ್ಟರಿನ ಹಳೆಯ ಬಾನೆಟ್ಟು ಕತ್ತರಿಸಿ ಬೆಸುಗೆ ಹಾಕಿ ಚಂದದ ಮನೆ ಮಾಡಿಕೊಟ್ಟ. ಗಾಳಿ ಆಡಲೆಂದು ಎರಡು ಕಿಟಕಿ ಕೊರೆದ. ದೆವ್ವಕ್ಕೆ ಗಾಳಿ ಬೇಕೇ ಎಂದು ನಾನು ಕೇಳಿದ್ದಕ್ಕೆ, "ತಗಡು ಕಾಯತೈತಿ ಅಲ್ರಿ ಬಾಯಾರ, ಯಾರಿದ್ರೂ ಶಕಿ ಶಕಿನ" ಎಂದ.

ಮೊದಲ ವಾರ ಕೊರಿಯರಿನವನು ಅದರೊಳಗೆ ಪಾರ್ಸೆಲ್ಲು ಇಟ್ಟು ಹೋದ. ಎರಡನೇ ವಾರ ಕರೆಂಟಿನ ಬಿಲ್ಲು ಅಲ್ಲಿಗೆ ಬಂತು. ದೆವ್ವದ ಹೆಸರಿಗೆ ಬಂದಿದೆಯೋ ಎಂದು ನೋಡಿದೆ, ಕಾಕಾನ ಹೆಸರಿಗೇ ಇತ್ತು. ಮೂರನೇ ವಾರ ಓಣಿಯ ಹೆಣ್ಣುಮಕ್ಕಳು ಕುಂಕುಮ ಹಚ್ಚಿ ಉಡಿ ತುಂಬಿ ಹೋದರು. ಕೆಂಪು ಶರಬತ್ತನ್ನು ಮಾತ್ರ ದಿನಾ ಯಾರೋ ಕುಡಿದು ಮುಗಿಸುತ್ತಿದ್ದರು. ಕಾಕಾ ದೆವ್ವ ಎನ್ನುತ್ತಾನೆ. ಆ ದಿನಗಳಲ್ಲಿ ಅವ್ವನ ನಾಲಿಗೆ ಕೆಂಪಗಿರುತ್ತಿತ್ತು ಎಂಬುದನ್ನು ನಾನು ಯಾರಿಗೂ ಹೇಳಿಲ್ಲ.

ಹೀಗೆ ನಗುತ್ತಾ ಇದ್ದ ದಿನಗಳಲ್ಲಿ ಒಂದು ಸುದ್ದಿ ಬಂತು. ಮಿಸ್ತ್ರಿಯ ಗ್ಯಾರೇಜಿನ ಜಾಗದಲ್ಲಿ ಮಾಲೀಕರು ಕಲ್ಯಾಣಮಂಟಪ ಕಟ್ಟುತ್ತಾರಂತೆ. ಮಿಸ್ತ್ರಿಗೂ ವಯಸ್ಸಾಯಿತು, ಹೊಸ ಜಾಗ ಹುಡುಕುವ ಉಮೇದಿಲ್ಲ. ವಿಜಯಪುರದ ತಂಗಿ ಬಾ ಎನ್ನುತ್ತಿದ್ದಾಳೆ. ಶ್ರಾವಣ ಮುಗಿದ ಮೇಲೆ ಹೋಗಿಬಿಡುತ್ತಾನೆ, ಇನ್ನು ಬರುವುದಿಲ್ಲ. ಇದನ್ನು ಮಿಸ್ತ್ರಿ ಚಹಾ ಕುಡಿಯುತ್ತಾ ಹೇಳಿದ. ಕಾಕಾ "ಛಲೋ ಆತು, ಅಲ್ಲಿ ಹವಾ ಒಣಾ ಇರತೈತಿ" ಎಂದ. ಆಮೇಲೆ ತನ್ನ ಕಪ್ಪಿನಲ್ಲಿದ್ದ ಚಹಾವನ್ನು ಅಂಗಳದ ದೆವ್ವಕ್ಕೆ ಹಾಕಿ ಬಂದ.

ಅಂದಿನಿಂದ ಕಾಕಾನಿಗೆ ಒಂದೇ ಹಟ. ಮಿಸ್ತ್ರಿ ಹೋಗುವುದರೊಳಗೆ ಆ ಸಿನಿಮಾದ ಕೊನೆಯ ಹತ್ತು ನಿಮಿಷವನ್ನು ಒಂದು ಸಲವಾದರೂ ಎಚ್ಚರ ಇದ್ದು ನೋಡಬೇಕು. "ಅದರಾಗ ಒಂದು ಮಾತ ಐತಿ. ಅದನ್ನ ಅಂವ ಕೇಳಬೇಕು," ಎಂದ.

"ಏನ ಮಾತು? ನೀನ ಹೇಳಿ ಬಿಡು."

"ನಾ ಹೆಂಗ ಹೇಳ್ಲಿ? ಅದು ಸಿನಿಮಾದ ಮಾತು."

ಮಿಸ್ತ್ರಿಯನ್ನು ಎಚ್ಚರ ಇಡುವುದಕ್ಕೆ ಕಾಕಾ ಮಾಡಿದ ಪ್ರಯತ್ನಗಳನ್ನು ನೋಡಿದ್ದರೆ ಆ ಅಡವಿಯ ದೆವ್ವಕ್ಕೂ ಕರುಣೆ ಬರುತ್ತಿತ್ತು. ಮೂರು ಗಂಟೆಯ ಪ್ರದರ್ಶನ ಒಂದು ವಾರ ಬೆಳಗಿನ ಹನ್ನೊಂದಕ್ಕೆ ಬಂತು, ನಾನು ಬಂದು ಮುಟ್ಟುವಷ್ಟರಲ್ಲಿ ಮುಗಿದೇ ಹೋಗಿತ್ತು. ಬೆನ್ನಿಲ್ಲದ ಸ್ಟೂಲು ಬಂತು. ನೀರು ಕೊಡದೆ ಮಿರ್ಚಿ ಭಜಿ ತಿನ್ನಿಸಿದ್ದಾಯಿತು. ಕೋಣ ಪರದೆಯ ಮೇಲೆ ಬಂದ ಕೂಡಲೇ ಬಾರಿಸಲು ಒಂದು ಸೈಕಲ್ ಬೆಲ್ಲು ತಂದ. ಬೆಲ್ಲಿಗೆ ಬೆಚ್ಚಿ ಬಿದ್ದವಳು ಹಿಂದೆ ಕೂತ ಅವ್ವ, ಎದ್ದು ಮನೆಗೇ ಹೋದಳು. ಕೊನೆಗೆ ಒಂದು ವಾರ ಸಿನಿಮಾವನ್ನೆಲ್ಲ ಬಿಟ್ಟು ನೇರ ಕೊನೆಯ ಹತ್ತು ನಿಮಿಷ ಮಾತ್ರ ಹಾಕಿದನಂತೆ. ಅಲ್ಲಿಯವರೆಗೆ ಶೇಂಗಾ ತಿನ್ನುತ್ತಾ ಹರಟುತ್ತಿದ್ದ ಮಿಸ್ತ್ರಿ, ಬರ್ಫದವ ಕೋಣನ ಪಕ್ಕ ಕೂತ ಕ್ಷಣವೇ ಕಣ್ಣು ಮುಚ್ಚಿದನಂತೆ.

"ಗೊರಕಿ ಹೊಡಿತಾನೇನು?" ಎಂದು ಕೇಳಿದೆ.

"ಇಲ್ಲ. ಅಂವನ ನಿದ್ದೀನೂ ಭಾಳ ಸಭ್ಯ," ಎಂದ ಕಾಕಾ, ಅಷ್ಟು ಸೋಲಿನಲ್ಲೂ ಸ್ವಲ್ಪ ಹೆಮ್ಮೆಯಿಂದ.

ಮಿಸ್ತ್ರಿ ಬುಧವಾರ ಹೊರಡುವವನಿದ್ದ. ಅದರ ಹಿಂದಿನ ಐತವಾರ ಬಂತು. ಅವ್ವ ಮೇಲೆ ಕಾಕಾನ ಅಡಿಗೆಮನೆಯಲ್ಲಿ ಚಕ್ಕಲಿ ಮಾಡುತ್ತಿದ್ದಳು, ಮಿಸ್ತ್ರಿಯ ಜೊತೆ ಕಟ್ಟಿಕೊಡಲು. ಗೋಡೌನಿನಲ್ಲಿ ನಾವು ಮೂವರೇ. ಅವತ್ತು ನಾನು ಬಸ್ಸು ಬಿಟ್ಟೆ. ಕಾಕಾನ ಮುಖ ನೋಡಿ ಹೋಗಲು ಮನಸ್ಸಾಗಲಿಲ್ಲ. ಮೊದಲ ಸಲ ಆ ಸಿನಿಮಾವನ್ನು ಪೂರ್ತಿ ಕೂತು ನೋಡಿದೆ, ಮತ್ತು ಒಪ್ಪಿಕೊಳ್ಳುತ್ತೇನೆ, ಒಂದು ತಾಸಾದ ಮೇಲೆ ಆ ಗಿಡ ನನಗೂ ಏನೋ ಹೇಳುತ್ತಿದೆ ಅನಿಸತೊಡಗಿತು.

ಕೊನೆ ಬಂತು. ನದಿಯ ದಂಡೆ. ಧೋತರದ ಹೊಲಿಗೆಯ ಈಚೆ ಬರ್ಫದವ, ಆಚೆ ಕೋಣ. ನಾನು ತಿರುಗಿ ನೋಡಿದರೆ ಮಿಸ್ತ್ರಿ ಬೆನ್ನಿಲ್ಲದ ಸ್ಟೂಲಿನ ಮೇಲೆ ನೆಟ್ಟಗೆ ಕೂತು ಕಣ್ಣು ಮುಚ್ಚಿಬಿಟ್ಟಿದ್ದ. ಕಾಕಾನೂ ನೋಡಿದ. ಒಂದು ಉಸಿರು ಬಿಟ್ಟು, ಎದ್ದು ನಿಂತು, ಎಂದಿನಂತೆ ಕನ್ನಡದಲ್ಲಿ ಹೇಳಲು ಶುರುಮಾಡಿದ.

"ನೋಡು, ನಾ ಮಾತಿನ ಮನಷ್ಯಾ ಅಲ್ಲ. ಹತ್ತಿ ಬಗ್ಗೆ ಕೇಳು, ಹೇಳ್ತೇನಿ. ಬ್ಯಾರೆ ಮಾತ ನನಗ ಬರಂಗಿಲ್ಲ."

ಬರ್ಫದವನಿಗೆ ಹತ್ತಿ ಎಲ್ಲಿಂದ ಬಂತು ಎಂದು ನಾನು ಪರದೆಯ ಕೆಳಗೆ ನೋಡಿದೆ. ಅಲ್ಲಿ ಅಕ್ಷರಗಳೇ ಇರಲಿಲ್ಲ. ಬರ್ಫದವನ ತುಟಿ ಅಲುಗುತ್ತಿರಲಿಲ್ಲ. ಆತ ಸುಮ್ಮನೆ ನೀರು ನೋಡುತ್ತಿದ್ದ, ಕೋಣ ಮೆಲುಕು ಹಾಕುತ್ತಿತ್ತು. ಆ ಹತ್ತು ನಿಮಿಷದಲ್ಲಿ ಯಾರೂ ಒಂದು ಮಾತನ್ನೂ ಆಡುವುದಿಲ್ಲ.

ಕಾಕಾ ಹೇಳುತ್ತಲೇ ಇದ್ದ. ಕಣ್ಣು ಪರದೆಯ ಮೇಲೇ ಇತ್ತು.

"ಆ ಮಷೀನು ಖರೇ ಕೆಟ್ಟಿದ್ದು ಒಂದ ಸಲ. ಉಳದ ಸಲ ಎಲ್ಲಾ ನಾನ ನಟ್ಟ್ ಸಡಲ ಮಾಡ್ತಿದ್ನಿ. ವೈನಿ ಹನ್ನೊಂದು ಹುಡುಗ್ಯಾರ್ನ ತೋರಿಸಿದ್ರು. ಎಲ್ಲಾರೂ ಛಲೋನ ಇದ್ರು. ನನಗ ಸಂಜಿ ಆದ್ರ ನಿನ್ನ ಫಟಫಟಿ ದನಿ ಬರತೈತೇನಂತ ರಸ್ತೆ ಕಡೆ ಕಿವಿ ಇರ್ತಿತ್ತು. ಅದನ್ನ ಯಾವ ಹುಡುಗಿಗೆ ಅಂತ ಹೇಳ್ಲಿ? ಇಷ್ಟ ವರ್ಷ ಆತು, ಹೇಳಬೇಕಂತ ಮಾಡಿ ಮಾಡಿ ಚಾ ಕುಡದು ಕಳಸ್ತೇನಿ. ವಿಜಯಪುರಕ್ಕ ಹೋಗಬ್ಯಾಡ. ಮ್ಯಾಲಿನ ಖೋಲಿ ಖಾಲೀನ ಐತಿ, ಗಾಳಿ ಛಲೋ ಬರತೈತಿ. ಇಲ್ಲೇ ಇರು. ನನ್ನ ಜೋಡಿ ಇರು."

ಕೋಣ ಬಾಲ ಬೀಸಿತು. ಹೆಸರುಗಳು ಬರತೊಡಗಿದವು. ಕಾಕಾ ಪ್ರೊಜೆಕ್ಟರು ಆರಿಸಿ, ಗೋಡೌನಿನ ಬಾಗಿಲು ತೆರೆದು, ಬೆಳಕಿನಲ್ಲಿ ಮಿಸ್ತ್ರಿಯ ಮುಚ್ಚಿದ ಕಣ್ಣು ನೋಡಿ, "ಇವತ್ತೂ ಮಲಕೊಂಡ" ಎಂದು ನನಗೆ ಹೇಳಿದ. ಅಷ್ಟು ಮೆತ್ತಗಿನ ದನಿಯನ್ನು ಆತನ ಬಾಯಲ್ಲಿ ನಾನು ಕೇಳಿರಲಿಲ್ಲ.

"ಮ್ಯಾಲಿನ ಖೋಲ್ಯಾಗ ನಳಾ ಐತೇನು?" ಎಂದ ಮಿಸ್ತ್ರಿ. ಕಣ್ಣು ಇನ್ನೂ ಮುಚ್ಚಿಯೇ ಇತ್ತು.

ಕಾಕಾ ನಿಂತುಬಿಟ್ಟ. ಎಷ್ಟು ಹೊತ್ತು ಎಂದರೆ, ಯಾರಾದರೂ ನೋಡಿದ್ದರೆ ನೆಟ್ ಹೋಗಿದೆ ಅಂದುಕೊಳ್ಳಬೇಕು.

"ನೀ ಮಲಕೊಂಡಿರಲಿಲ್ಲೇನು?"

"ಇಂಜಿನ್ ದನಿ ಕೇಳುವಾಗ ನಾ ಎಂದರ ಕಣ್ಣ ತಗದೇನೇನು?"

"ಯಾವಾಗಿಂದ ಕೇಳಾಕತ್ತಿ?"

"ಮೊದಲನೇ ಐತವಾರದಿಂದ. ಆವತ್ತ ಬರೇ 'ಇಲ್ಲೇ ಇರು' ಅಂದಿದ್ದಿ. ಆಮ್ಯಾಲ ವಾರಾ ಒಂದೊಂದು ಮಾತ ಹೆಚ್ಚ ಮಾಡ್ಕೋತ ಬಂದಿ. ನಡುವ ಕಣ್ಣ ತಗದ್ರ ನೀ ನಿಂದ್ರಸಿ ಬಿಡ್ತಿ ಅಂತ ಸುಮ್ನ ಕುಂತಿದ್ನಿ. ನಟ್ಟಿನ ಮಾತ ಇವತ್ತ ಬಂತ ನೋಡು."

"ನಟ್ಟಿಂದು ನಿನಗ ಗೊತ್ತಿತ್ತೇನು?"

ಮಿಸ್ತ್ರಿ ಈಗ ಕಣ್ಣು ತೆರೆದ. "ಮಿಸ್ತ್ರಿ ಅದೇನಿ. ತಾನಾಗಿ ಸಡಲಾದ ನಟ್ಟ ಬ್ಯಾರೆ, ಪಾನಾ ಹಚ್ಚಿ ಸಡಲ ಮಾಡಿದ ನಟ್ಟ ಬ್ಯಾರೆ. ಮೊದಲನೇ ವಾರದಾಗ ತಿಳದಿತ್ತು."

"ಮತ್ತ ಒಂದ ದಿನಾನೂ ಹೇಳಲಿಲ್ಲಲ್ಲ?"

"ಹೇಳಿದ್ರ ನೀ ಸಡಲ ಮಾಡೂದು ಬಿಡ್ತಿದ್ದಿ."

ನನಗೆ ಅಳು ಬಂತು. ತರಗತಿಯಲ್ಲಿ ಪ್ರೇಮಕಾವ್ಯಗಳ ಬಗ್ಗೆ ತಾಸುಗಟ್ಟಲೆ ಮಾತಾಡುವವಳು ನಾನು. ಮೂವತ್ತೈದು ವರ್ಷ ಕಣ್ಣ ಮುಂದೆ ನಡೆದದ್ದನ್ನು ಚಹಾದ ಕಪ್ಪು ತೊಳೆದಿಡುತ್ತಾ ನೋಡದೇ ಹೋದೆನಲ್ಲ ಎಂದು ನಾಚಿಕೆಯೂ ಆಯಿತು. ಪಿತ್ತದ ನೆನಪಾಗಿ ನಗುವೂ ಬಂತು. ಮೂಗು ಒರೆಸಿಕೊಳ್ಳಲು ಏನೂ ಸಿಗದೆ ಪರದೆಯ ತುದಿಯನ್ನೇ ಹಿಡಿದೆ. ಎಷ್ಟಾದರೂ ಅದು ನಮ್ಮ ಕಾಕಾನ ಧೋತರ.

ಅವರಿಬ್ಬರೂ ಖೋಲಿ ನೋಡಲು ಮೇಲೆ ಹೋದರು. ಕಾಕಾನ ಮುರಿದ ಪಾದ ಮೆಟ್ಟಿಲಲ್ಲಿ ಇನ್ನೂ ನಿಧಾನ. ಮಿಸ್ತ್ರಿ ಪ್ರತಿ ಮೆಟ್ಟಿಲಲ್ಲೂ ನಿಂತು ಕಾದ. ಅವ್ವ ಚಕ್ಕಲಿಯ ಬುಟ್ಟಿ ಹಿಡಿದು ಎದುರಿಗೆ ಬಂದವಳು ಇಬ್ಬರನ್ನೂ ನೋಡಿದಳು, ಕೆಳಗೆ ನಿಂತಿದ್ದ ನನ್ನ ಮುಖವನ್ನೂ ನೋಡಿದಳು. ಹನ್ನೊಂದು ಹುಡುಗಿಯರನ್ನು ತೋರಿಸಿ ಸೋತವಳು ಆಕೆ. ಬುಟ್ಟಿಯನ್ನು ಮೆಟ್ಟಿಲ ಮೇಲೆ ಇಳಿಸಿದಳು. ಆಮೇಲೆ, "ಮಿಸ್ತ್ರಿ, ನಿಮಗ ಖಡಕ್ ರೊಟ್ಟಿ ನಡೀತಾವೇನು, ಇಲ್ಲಾ ಹಲ್ಲಿಗೆ ಮೆತ್ತನವು ಬೇಕೋ?" ಎಂದು ಕೇಳಿದಳು.

"ಖಡಕ್ ನಡೀತಾವ್ರಿ ವೈನಿ," ಎಂದ ಮಿಸ್ತ್ರಿ.

ಆ ಖೋಲಿಗೆ ನಳ ಇರಲಿಲ್ಲ. ಈಗ ಇದೆ.